ಪಂಚಾಂಗದಲ್ಲಿಲ್ಲದ ಮಾರ್ಗಶಿರ

ಚಿಕ್ಕಬಳ್ಳಾಪುರ
4 ಅಕ್ಟೋಬರ್ 1963

ಶ್ಯಾಮಲಮ್ಮ,

ನಿನ್ನನ್ನು ಬಸ್ಸು ಹತ್ತಿಸಿ ಸೀದಾ ಕಚೇರಿಗೆ ಹೋದೆ. ದಸರಾದ ನಾಲ್ಕು ದಿನ ಮನೆಯಲ್ಲಿ ಮಾತು ಕೇಳಿಸುತ್ತಿತ್ತು, ಈಗ ಕೇಳಿಸುವುದಿಲ್ಲ. ದೂರೆಂದು ತಿಳಿಯಬೇಡ, ಇರುವುದನ್ನು ಬರೆದೆ.

ಈ ಯುಗಾದಿಗೆ ಪಂಚಾಂಗ ಯಾಕೆ ತರಲಿಲ್ಲ ಎಂದು ನೀನು ಕೇಳಿದೆ. ನಿಮ್ಮಮ್ಮ ಹೋಗಿ ಆಗ ಒಂದು ತಿಂಗಳೂ ಆಗಿರಲಿಲ್ಲ. ಹಬ್ಬವಿಲ್ಲದ ವರ್ಷಕ್ಕೆ ಪಂಚಾಂಗ ತಂದು ಏನು ನೋಡಲಿ? ಡೈರಿಯಲ್ಲಿ ತಿಥಿ ಬರೆಯುವುದನ್ನಂತೂ ಬಿಟ್ಟಿಲ್ಲ. ಇಪ್ಪತ್ತು ವರ್ಷ ನಿಮ್ಮಮ್ಮನಿಗಾಗಿ ದಿನ ಎಣಿಸಿದವನು ನಾನು. ಪುಸ್ತಕವಿಲ್ಲದೆಯೂ ಎಣಿಸಬಲ್ಲೆ.

ಟೀಚರ್ಸ್ ಟ್ರೈನಿಂಗ್ ಬೇಡ, ದಿಬ್ಬೂರಹಳ್ಳಿಯಲ್ಲಿ ದೊಡ್ಡಮ್ಮನ ನಂತರ ಹೊತ್ತು ಹಿಡಿಯುವವರು ಯಾರು ಎಂದೆಯಲ್ಲ, ಅದಕ್ಕೆ ಉತ್ತರ ಈಗ ಕೊಡುತ್ತೇನೆ. ಕಲಿ. ಆದರೆ ನಿಮ್ಮಮ್ಮ ಹೇಳುತ್ತಿದ್ದುದನ್ನು ನನ್ನ ಕೈಯಲ್ಲಿ ಬರೆಸಿಕೊಂಡೇ ಕಲಿ.

ಚಂದ್ರಿಕೆಯ ಬಿದಿರು ತಟ್ಟೆಯಲ್ಲಿ ರೇಷ್ಮೆ ಹುಳು ಗೂಡು ಕಟ್ಟಿದ ಮೇಲೆ ಹಸಿ ರೇಷ್ಮೆ ಎಳೆ ಸುತ್ತಿ ಹೊತ್ತು ಹಿಡಿದರೆ ಒಳಗಿನ ಚಿಟ್ಟೆಗೆ ದಿನ ಸರಿಯುವುದಿಲ್ಲ, ಗೂಡು ತೂತಾಗುವುದಿಲ್ಲ. ಆದರೆ ಹಿಡಿದ ದಿನ ಎಲ್ಲಿಗೂ ಹೋಗಿರುವುದಿಲ್ಲ. ದಿನಕ್ಕೊಂದು ಸುತ್ತಿನಂತೆ ಹಿಡಿದವಳ ಉಂಗುರದ ಬೆರಳಿನಲ್ಲಿ ಎಳೆಯಾಗಿ ಕೂತಿರುತ್ತದೆ. ಮುಂದಿನ ತಿಂಗಳ ಅದೇ ತಿಥಿಯಲ್ಲಿ, ಎಣಿಸುವವನ ಕಾಗದ ಓದಿ ಅದನ್ನು ಬಿಚ್ಚಿಬಿಡಬೇಕು. ತಿಂಗಳ ಹೆಸರು ಬದಲಾಗಿರಲೇಬೇಕು. ಆ ದಿನ ತಪ್ಪಿತೋ, ಒಂದೊಂದು ಸುತ್ತೂ ಒಂದೊಂದು ವರ್ಷವಾಗಿ ಮೈಗಿಳಿಯುತ್ತದೆ. ಮೂರು ದಿನಕ್ಕಿಂತ ಹೆಚ್ಚು ಹಿಡಿಯಬೇಡ. ಬೇಕಾದಷ್ಟೇ ಹಿಡಿ, ತೋರಿಸಿಕೊಳ್ಳಲು ಹಿಡಿಯಬೇಡ.

ಎಣಿಸುವವನು ಹಿಡಿಯುವ ಊರಿನಲ್ಲಿ ಇರಬಾರದೆಂಬುದು ನಿನಗೆ ಗೊತ್ತೇ ಇದೆ. ಇದ್ದರೆ ಅವನ ಎಣಿಕೆಯೂ ನಿಂತುಹೋಗುತ್ತದೆ. ಅದಕ್ಕೇ ಪ್ರತಿ ಬೆಳೆಗೂ ನಿಮ್ಮಮ್ಮ ದಿಬ್ಬೂರಹಳ್ಳಿಯಲ್ಲಿ, ನಾನು ಇಲ್ಲಿ. ಹಾಗೆ ಕಳೆದ ದಿನಗಳು ಎಷ್ಟೆಂದು ಈಗ ಕೂತು ಕೂಡಿಸುತ್ತಿದ್ದೇನೆ.

ನಿನ್ನ ತಂದೆ,
ನಲ್ಲಪ್ಪ


ದಿಬ್ಬೂರಹಳ್ಳಿ
28 ಅಕ್ಟೋಬರ್ 1963

ಅಪ್ಪನಿಗೆ ನಮಸ್ಕಾರ.

ಐದು ದಿನದಿಂದ ಮಳೆ ಬಿಟ್ಟಿಲ್ಲ. ಹಳ್ಳ ತುಂಬಿ ಶಿಡ್ಲಘಟ್ಟದ ದಾರಿ ಮುಳುಗಿದೆ. ಟಪಾಲಿನವರು ದಿಣ್ಣೆಯ ಮೇಲೆ ಸುತ್ತಿಕೊಂಡು ನಡೆದು ಹೋಗುತ್ತಾರಂತೆ, ಗಾಡಿ ಹೋಗುವಂತಿಲ್ಲ. ಗೂಡು ಬಲಿತು ಕೂತಿವೆ. ಸಾಗಿಸಲು ದಾರಿಯಿಲ್ಲ, ಒಣಗಿಸಲು ಬಿಸಿಲಿಲ್ಲ. ಇನ್ನೆರಡು ದಿನಕ್ಕೆ ಚಿಟ್ಟೆ ಹೊರಬಂದರೆ ಊರಿನ ಒಂದು ಬೆಳೆಯೇ ಹೋದಂತೆ.

ಶನಿವಾರ ಊರಿನವರ ಪರವಾಗಿ ಆವಲಪ್ಪನವರು ಗೋಣಿಚೀಲ ಹೊದ್ದುಕೊಂಡು ಜಗಲಿಗೆ ಬಂದರು.

"ಕದಿರಕ್ಕ, ಏನಾನ ಮಾಡಕ್ಕಾಗ್ತದಾ?"

"ಆಗಲ್ಲ ಕಣಪ್ಪ," ಎಂದರು ದೊಡ್ಡಮ್ಮ. ಅವರ ಕೈ ಈಗ ಬಹಳ ನಡುಗುತ್ತದೆ, ಲೋಟ ಹಿಡಿದರೂ ಚೆಲ್ಲುತ್ತದೆ.

"ನಾನು ಹಿಡೀತೀನಿ," ಎಂದೆ.

ಆವಲಪ್ಪನವರು ನನ್ನನ್ನು ಮೇಲಿಂದ ಕೆಳಗೆ ನೋಡಿದರು. "ಇವಳಾ? ಮೊನ್ನೆ ಬಂದ ಮಗು."

ದೊಡ್ಡಮ್ಮನಿಗೆ ರೇಗಿತು. "ಮಗು ಅಂತ ಅನ್ನಿಸಿದ್ರೆ ಚಂದ್ರಿಕೆ ಮನೆಗೆ ಎತ್ಕೊಂಡೋಗಪ್ಪ. ಚಿಟ್ಟೆ ಸಾಕ್ಕೊಂಡಿರು, ಗಿಣಿ ಸಾಕ್ದಂಗೆ."

ನಿನ್ನೆ, ಭಾನುವಾರ, ದಶಮಿಯ ದಿನ ಬೆಳಿಗ್ಗೆ ಹಿಡಿದೆ. ನಮ್ಮವೂ ಇನ್ನು ಕೆಲವು ಮನೆಯವೂ ಚಂದ್ರಿಕೆಗಳಿವೆ. ಎಳೆ ಎಲ್ಲಿಯೂ ತುಂಡಾಗಲಿಲ್ಲ. ಕಡೆಯ ಗಂಟು ಹಾಕಿದಾಗ ಒಳಗಿನ ಸರಸರ ಸದ್ದು ನಿಂತುಹೋಯಿತು. ಅಪ್ಪ, ಅದನ್ನು ನಾನು ನಿಲ್ಲಿಸಿದೆ. ಬರೆದರೆ ಜಂಬವೆನ್ನಿಸುತ್ತದೆ, ಆದರೂ ಬರೆದಿದ್ದೇನೆ.

ಬಿಚ್ಚುವ ದಿನವನ್ನು ನಿಮ್ಮ ಕೈಯಲ್ಲೇ ಬರೆದು ಕಳಿಸಿ. ಬೇರೆ ಯಾರನ್ನೂ ಕೇಳಬೇಡಿ. ಪಂಚಾಂಗ ಕೊಳ್ಳುವ ಖರ್ಚೂ ಬೇಡ.

ಶ್ಯಾಮಲ


ಚಿಕ್ಕಬಳ್ಳಾಪುರ
31 ಅಕ್ಟೋಬರ್ 1963

ಶ್ಯಾಮಲಮ್ಮ,

ಕಾಗದ ಇವತ್ತು ಸಿಕ್ಕಿತು. ಕಚೇರಿಯಲ್ಲೇ ಒಡೆದು ಓದಿದೆ. ಪಕ್ಕದ ಮೇಜಿನ ದಕ್ಷಿಣಾಮೂರ್ತಿಗಳು "ಏನ್ರೀ, ಒಬ್ಬರೇ ನಗ್ತಿದೀರಿ?" ಎಂದು ಕೇಳಿದರು. ನಾನು ನಕ್ಕಿದ್ದು ನನಗೆ ಗೊತ್ತಾಗಿರಲಿಲ್ಲ. ಮಗಳು ದೊಡ್ಡಮ್ಮನ ಮನೆಯಲ್ಲಿ ಆರಾಮವಾಗಿದ್ದಾಳಂತೆ ಎಂದಷ್ಟೇ ಹೇಳಿದೆ. ಇಲ್ಲಿ ಯಾರಿಗೂ ನಮ್ಮ ವಿದ್ಯೆಯ ವಿಷಯ ತಿಳಿಸಿದವನಲ್ಲ. ಕಚೇರಿಯವರು ನಗುತ್ತಾರೆ.

ಬಿಚ್ಚುವ ದಿನ ಇದು, ಗಟ್ಟಿಯಾಗಿ ಓದಿಕೊಂಡು ಬಿಚ್ಚು:

ಮಾರ್ಗಶಿರ ಶುದ್ಧ ದಶಮಿ, ಮಂಗಳವಾರ, ನವೆಂಬರ್ 26.

ಎಷ್ಟು ಚಂದ್ರಿಕೆ, ಎಷ್ಟು ದಿನ ಎಂದು ನೀನು ಬರೆದಿಲ್ಲ. ನಿಮ್ಮಮ್ಮ ಮೊದಲ ಸಲ ಹಿಡಿದದ್ದು ಒಂದೇ ದಿನ, ಎಂಟು ಚಂದ್ರಿಕೆ. ಆಮೇಲೆ ಮೂರು ಊಟದ ಅನ್ನ ಒಂದೇ ಊಟಕ್ಕೆ ಉಂಡಳಂತೆ. ನೀನು ಚೆನ್ನಾಗಿ ಊಟ ಮಾಡು.

ನಲ್ಲಪ್ಪ


ದಿಬ್ಬೂರಹಳ್ಳಿ
9 ನವೆಂಬರ್ 1963

ಅಪ್ಪನಿಗೆ ನಮಸ್ಕಾರ.

ನಿಮ್ಮ ಕಾಗದ ಬಂತು. ದಿನ ಬರೆದ ಸಾಲನ್ನು ದೊಡ್ಡಮ್ಮನಿಗೆ ಎರಡು ಸಲ ಓದಿ ಹೇಳಿದೆ. ಅವರು ಆ ಕಾಗದವನ್ನು ಅಕ್ಕಿ ಡಬ್ಬದಲ್ಲಿ ಇಡಿಸಿದರು.

ಮಳೆ ನಿಂತು ದಾರಿ ಬಿಟ್ಟಿತು. ಶಿಡ್ಲಘಟ್ಟದಿಂದ ನೂಲು ತೆಗೆಯುವ ರೀಲರುಗಳು ತಾವೇ ಗಾಡಿ ಕಟ್ಟಿಸಿಕೊಂಡು ಬಂದರು. ಒಬ್ಬ ಸಾಬರು ಗೂಡನ್ನು ಕಿವಿಯ ಹತ್ತಿರ ಅಲ್ಲಾಡಿಸಿ, ಬೆಳಕಿಗೆ ಹಿಡಿದು, "ಇದು ನಿನ್ನೆ ಕಟ್ಟಿದ ಗೂಡಿನ ಹಾಗಿದೆಯಲ್ಲಮ್ಮ" ಎಂದರು. ಆವಲಪ್ಪನವರು "ನಮ್ಮ ಹುಡುಗಿ ಸ್ವಾಮಿ" ಎಂದರು. ಹತ್ತು ದಿನದ ಹಿಂದೆ ಮಗುವಾಗಿದ್ದೆ, ಈಗ ನಮ್ಮ ಹುಡುಗಿ.

ಎಷ್ಟು ದಿನ ಎಂದು ಕೇಳಿದ್ದೀರಿ. ಮಳೆ ಇದ್ದಷ್ಟು ದಿನ. ಬೆರಳು ಸ್ವಲ್ಪ ತಣ್ಣಗಿದೆ, ಬೇರೇನೂ ಇಲ್ಲ. ಊಟ ಚೆನ್ನಾಗಿ ಸೇರುತ್ತಿದೆ.

ಶ್ಯಾಮಲ


ಚಿಕ್ಕಬಳ್ಳಾಪುರ
20 ನವೆಂಬರ್ 1963

ಶ್ಯಾಮಲ,

ಇದನ್ನು ಎಕ್ಸ್‌ಪ್ರೆಸ್ ಅಂಚೆಯಲ್ಲಿ ಕಳಿಸುತ್ತಿದ್ದೇನೆ. ನಿಂತಲ್ಲೇ ಓದು.

ಇವತ್ತು ಬೆಳಿಗ್ಗೆ ದಕ್ಷಿಣಾಮೂರ್ತಿಗಳು, "ಬರೋ ಸೋಮವಾರ ತಡವಾಗಿ ಬರ್ತೀನಿ, ಕಾರ್ತಿಕ ಸೋಮವಾರ, ಪೂಜೆ ಇದೆ" ಎಂದರು.

"ಕಾರ್ತಿಕ ಮುಗೀತಲ್ಲ. ಈಗ ಮಾರ್ಗಶಿರ," ಎಂದೆ.

"ಯಾವ ಲೋಕದಲ್ಲಿದ್ದೀರಿ ನಲ್ಲಪ್ಪನೋರೇ? ಈ ವರ್ಷ ಮಾರ್ಗಶಿರ ಎಲ್ಲಿ ಬಂತು?"

ಮಧ್ಯಾಹ್ನ ಮನೆಗೆ ಕರೆದುಕೊಂಡು ಹೋಗಿ ಪಂಚಾಂಗ ತೋರಿಸಿದರು. ಈ ವರ್ಷ ಕಾರ್ತಿಕ ಎರಡು ಸಲ ಬಂದಿದೆ. ಮೊದಲನೆಯದು ಅಧಿಕ, ಈಗ ನಡೆಯುತ್ತಿರುವುದು ನಿಜ. ಇದು ಮುಗಿದ ಮೇಲೆ ಒಮ್ಮೆಲೇ ಪುಷ್ಯ. ಮಾರ್ಗಶಿರವನ್ನು ಕ್ಷಯಮಾಸವೆಂದು ಬಿಟ್ಟಿದ್ದಾರೆ. ನೂರಾರು ವರ್ಷಕ್ಕೆ ಎಲ್ಲೋ ಒಮ್ಮೆ ಹೀಗಾಗುವುದಂತೆ. ಊರಿಗೆಲ್ಲ ಗೊತ್ತಿದ್ದದ್ದು ನನಗೊಬ್ಬನಿಗೆ ಗೊತ್ತಿರಲಿಲ್ಲ. ನಾನು ತಿಂಗಳ ಹೆಸರುಗಳನ್ನು ಯಾವಾಗಲೂ ಬರುವ ಸಾಲಿನಲ್ಲಿ ಬರೆದುಕೊಂಡು ಹೋಗಿದ್ದೆ. ಕಾರ್ತಿಕ ಒಂದು, ಆಮೇಲೆ ಮಾರ್ಗಶಿರ, ಆಮೇಲೆ ಪುಷ್ಯ.

ನಾನು ನಿನಗೆ ಕೊಟ್ಟದ್ದು ಇಲ್ಲದ ತಿಂಗಳ ಇಲ್ಲದ ದಿನ.

ಪಂಚಾಂಗ ಮುಚ್ಚುತ್ತಾ ಅವರು ಇನ್ನೊಂದು ಮಾತು ಹೇಳಿದರು. "ನಮ್ಮ ಭಾವಮೈದ ಶಿಡ್ಲಘಟ್ಟದಲ್ಲಿದ್ದಾನಲ್ಲ, ಅವನು ಹೇಳ್ತಿದ್ದ. ದಿಬ್ಬೂರಹಳ್ಳೀಲಿ ಯಾವಳೋ ಹುಡುಗಿ ಇಡೀ ಊರಿನ ಗೂಡನ್ನ ಒಂಬತ್ತು ದಿನ ನಿಲ್ಲಿಸಿಬಿಟ್ಟಳಂತೆ. ನಂಬೋ ಮಾತೇನ್ರೀ?"

ಒಂಬತ್ತು. ಮಳೆ ಇದ್ದಷ್ಟು ದಿನ ಎಂದು ಬರೆದೆಯಲ್ಲಮ್ಮ.

26ರಂದು ಬಿಚ್ಚಬೇಡ. ಅವತ್ತು ಇನ್ನೂ ಕಾರ್ತಿಕ. ಕಾರ್ತಿಕದಲ್ಲಿ ಹಿಡಿದದ್ದನ್ನು ಕಾರ್ತಿಕದಲ್ಲೇ ಬಿಚ್ಚಿದರೆ ಒಂಬತ್ತೂ ಒಟ್ಟಿಗೆ ಮೈಗಿಳಿಯುತ್ತವೆ. ಪುಷ್ಯದ ತನಕ ಇಟ್ಟುಕೊಂಡರೂ ಅಷ್ಟೇ. ದೊಡ್ಡಮ್ಮನನ್ನು ಕೇಳು. ಇಂಥದ್ದಕ್ಕೆ ಹಿಂದೆ ಯಾರಾದರೂ ದಾರಿ ಕಂಡಿದ್ದರೆ ಅವರಿಗೆ ಗೊತ್ತಿರಬೇಕು. ನನಗೆ ಗೊತ್ತಿಲ್ಲ.

ನಿನಗೆ ಹೇಳದೆ ಇಟ್ಟುಕೊಂಡ ವಿಷಯವೊಂದಿದೆ. ಎರಡು ವರ್ಷದ ಹಿಂದೆ ಶ್ರಾವಣದಲ್ಲಿ ನಿಮ್ಮಮ್ಮ ಆರು ದಿನ ಹಿಡಿದಿದ್ದಳು. ನನ್ನನ್ನು ಕಚೇರಿ ಕೆಲಸದ ಮೇಲೆ ಗೌರಿಬಿದನೂರಿಗೆ ಹಾಕಿದ್ದರು. ದಿನ ಬರೆದ ಕಾಗದವನ್ನು ಅಲ್ಲಿಂದಲೇ ಹಾಕಿದೆ, ಅದು ಸಕಾಲಕ್ಕೆ ಮುಟ್ಟಿತೋ ಇಲ್ಲವೋ ನನಗೆ ಆಗಲೇ ಅನುಮಾನವಿತ್ತು. ಕೇಳಿದರೆ, "ಬಂತು, ಬಿಚ್ಚಿದೆ, ಯಾಕೆ?" ಎಂದಳು. ಆ ಚಳಿಗಾಲದಲ್ಲಿ ಅವಳ ಕೂದಲು ನೋಡಿದೆ, ಹಲ್ಲು ನೋಡಿದೆ. ಮತ್ತೆ ಕೇಳಲಿಲ್ಲ. ಮೂವತ್ತೊಂಬತ್ತನೆಯ ವರ್ಷಕ್ಕೆ ಹೋದಳು. ಮಣ್ಣಿಗೆ ಬಂದ ಕಚೇರಿಯವರೊಬ್ಬರು ನನ್ನ ಕೈ ಹಿಡಿದು, "ನಿಮ್ಮಕ್ಕನವರಾ?" ಎಂದು ಕೇಳಿದರು.

ಎರಡು ಸಲ ಬಸ್ ನಿಲ್ದಾಣದವರೆಗೆ ಹೋಗಿ ಹಿಂದಿರುಗಿದೆ. ನಾನು ಆ ಊರಿಗೆ ಕಾಲಿಟ್ಟು ಇದ್ದಬದ್ದ ಎಣಿಕೆಯೂ ನಿಂತರೆ ಏನು ಗತಿ?

ನಲ್ಲಪ್ಪ


(ಕಾರ್ಡು)
ಚಿಕ್ಕಬಳ್ಳಾಪುರ
25 ನವೆಂಬರ್ 1963

ಶ್ಯಾಮಲಮ್ಮ,

ಉತ್ತರವಿಲ್ಲ. ಈ ಕಾರ್ಡು ಸಿಗುವಾಗ ನಾಳೆಯ ದಿನ ಕಳೆದಿರುತ್ತದೆ ಎಂದು ಗೊತ್ತು. ಸುಮ್ಮನೆ ಕೂರಲಾಗದೆ ಬರೆದೆ. ಹೇಗೇ ಆಗಿದ್ದರೂ, ನೋಡಲು ಹೇಗೇ ಇದ್ದರೂ, ಮನೆಗೆ ಬಾ.

ನಲ್ಲಪ್ಪ


ದಿಬ್ಬೂರಹಳ್ಳಿ
27 ನವೆಂಬರ್ 1963

ಅಪ್ಪನಿಗೆ ನಮಸ್ಕಾರ.

ಮೊದಲು ಈ ಮಾತು ಓದಿಕೊಳ್ಳಿ. ನಾನು ಚೆನ್ನಾಗಿದ್ದೇನೆ.

ನಿಮ್ಮ ಎಕ್ಸ್‌ಪ್ರೆಸ್ ಕಾಗದ 22ಕ್ಕೇ ಬಂದಿತ್ತು. ಉತ್ತರ ಬರೆಯಲಿಲ್ಲ. ಬರೆದಿದ್ದರೆ ನೀವು ಇನ್ನೊಂದು ದಿನ ಹುಡುಕಿ ಕಳಿಸುತ್ತಿದ್ದಿರಿ. ಎಣಿಸುವವನು ಎರಡು ದಿನ ಕೊಟ್ಟರೆ ಎರಡೂ ಕೆಡುತ್ತವೆ. ನಿಮ್ಮನ್ನು ಐದು ದಿನ ಉರಿಸಿದ್ದು ತಪ್ಪು. ಅದಕ್ಕೆ ಮಾತ್ರ ಕ್ಷಮೆ ಕೇಳುತ್ತೇನೆ.

ನಿನ್ನೆ ಬೆಳಿಗ್ಗೆ ಅಕ್ಕಿ ಡಬ್ಬದಿಂದ ನಿಮ್ಮ ಹಳೆಯ ಕಾಗದ ತೆಗೆಸಿ, ಬಾವಿಕಟ್ಟೆಯ ಮೇಲೆ ಕೂತು ಗಟ್ಟಿಯಾಗಿ ಓದಿದೆ. ಮಾರ್ಗಶಿರ ಶುದ್ಧ ದಶಮಿ. ನೀರು ಸೇದಲು ಬಂದಿದ್ದ ಅಮ್ಮಾಜಮ್ಮ, "ಇದ್ಯಾವ ಮಾರ್ಗಶಿರ ತಲ್ಲೀ, ನಿನ್ನೆ ತಾನೇ ಕಾರ್ತಿಕ ಸೋಮವಾರ ಮಾಡಿದ್ವಿ," ಎಂದಳು. "ನಮ್ಮಪ್ಪನ ಮಾರ್ಗಶಿರ," ಎಂದೆ.

ಒಂದು ಸುತ್ತು ಬಿಚ್ಚಿತು. ಎರಡು ಬಿಚ್ಚಿತು. ಒಂದೊಂದು ಬಿಚ್ಚಿದಾಗಲೂ ಒಂದು ಇಡೀ ದಿನ ಮುಖದ ಮುಂದೆ ಹಾದುಹೋದಂತೆ ಬೆಳಕು ಹೆಚ್ಚಿ ಕಡಿಮೆಯಾಯಿತು. ಎಂಟು ಬಿಚ್ಚಿದವು. ದೊಡ್ಡಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡು ನಿಂತಿದ್ದರು.

ಒಂಬತ್ತನೆಯದು ಬಿಚ್ಚಲಿಲ್ಲ. ಎಳೆಯ ಕೊನೆ ಉಗುರಿಗೆ ಸಿಗುತ್ತಿತ್ತು, ಹಾಗೇ ಚರ್ಮದೊಳಗೆ ಇಳಿದು ಹೋಯಿತು.

ಯಾಕೆಂದು ನನಗೆ ಗೊತ್ತು. ಮಳೆ ನಿಂತದ್ದು ಎಂಟನೆಯ ದಿನ. ಅವತ್ತೇ ಗಾಡಿ ಹೋಗುವಷ್ಟು ದಾರಿ ಬಿಟ್ಟಿತ್ತು. ಆವಲಪ್ಪನವರು "ಸಾಕು ಬಿಡಮ್ಮ" ಎಂದರು. ನಾನು, ಇನ್ನೊಂದು ದಿನ ಹಿಡಿಯಬಲ್ಲೆ, ನೋಡುತ್ತಿರಿ ಎಂದೆ. ಮಗು ಎಂದಿದ್ದರಲ್ಲ, ಅದಕ್ಕೆ. ತೋರಿಸಿಕೊಳ್ಳಲು ಹಿಡಿಯಬೇಡ ಎಂದು ನೀವು ಬರೆದದ್ದು ನೆನಪಿದ್ದೂ ಹಿಡಿದೆ. ಆ ಒಂದು ದಿನ ಒಂದು ವರ್ಷವಾಗಿ ನನ್ನಲ್ಲಿ ಉಳಿಯಿತು. ಅದು ನಿಮ್ಮ ಎಣಿಕೆಯ ತಪ್ಪಲ್ಲ.

ಈಗ ನಾನು ಮುಚ್ಚಿಟ್ಟದ್ದು. ಈ ವರ್ಷ ಮಾರ್ಗಶಿರ ಇಲ್ಲವೆಂದು ನನಗೆ ಯುಗಾದಿಯಿಂದಲೇ ಗೊತ್ತಿತ್ತು. ಇಲ್ಲಿಯ ಅರ್ಚಕರು ಅನಂತರಾಮಯ್ಯನವರು ದೇವಸ್ಥಾನದಲ್ಲಿ ಪಂಚಾಂಗ ಓದಿ ಹೇಳಿದ್ದರು. ಆವಲಪ್ಪನವರಿಗೆ ದೊಡ್ಡಮ್ಮ "ಆಗಲ್ಲ" ಎಂದದ್ದು ಕೈ ನಡುಗುತ್ತದೆಂದಲ್ಲ. ನಾನು ಹಿಡೀತೀನಿ ಎಂದಾಗ ಅವರ ಮುಂದೆ ನನ್ನನ್ನು ಬಿಟ್ಟುಕೊಡಲಿಲ್ಲ, ಅಷ್ಟೆ. ಅವರು ಹೋದ ಮೇಲೆ ಒಳಗೆ ಎಳೆದುಕೊಂಡು ಹೋಗಿ ಬೈದರು.

"ಹಿಡಿದ್ಬಿಟ್ಟು ಬಿಚ್ಚೋದು ಯಾವತ್ತೇ? ಇಲ್ದಿರೋ ತಿಂಗಳು ಎಲ್ಲಿಂದ ತರ್ತೀಯ?"

"ಅಪ್ಪನ ಹತ್ರ ಇದೆ ದೊಡ್ಡಮ್ಮ."

ದಸರಾಕ್ಕೆ ಬಂದಾಗ ನೀವು ಕಚೇರಿಗೆ ಹೋದ ಮೇಲೆ ನಿಮ್ಮ ಡೈರಿ ಓದಿದೆ. ವರ್ಷದ ಕೊನೆಯವರೆಗೂ ತಿಥಿಗಳನ್ನು ಪೆನ್ಸಿಲ್ಲಿನಲ್ಲಿ ಮುಂಚೆಯೇ ಬರೆದಿಟ್ಟಿದ್ದಿರಿ. ಕಾರ್ತಿಕ ಒಂದೇ ಇತ್ತು. ಅದಾದ ಮೇಲೆ ಮಾರ್ಗಶಿರ ಮೂವತ್ತು ದಿನವೂ ಇತ್ತು. ತಪ್ಪೆಂದು ಸಂಜೆ ನಿಮಗೆ ಹೇಳಬೇಕೆಂದುಕೊಂಡವಳು ಹೇಳಲಿಲ್ಲ. ಯಾಕೆಂದರೆ ಪ್ರತಿ ದಿನದ ಪಕ್ಕದಲ್ಲೂ ಇನ್ನೊಂದು ಅಂಕಿ ಇತ್ತು. ಅಮ್ಮ ಹೋದ ಮೇಲೆ ಅದು ಎಷ್ಟನೆಯ ದಿನ ಎಂದು. ಬೆರಳಿಟ್ಟು ನೋಡಿದೆ. ಒಂದು ದಿನವೂ ಬಿಟ್ಟುಹೋಗಿರಲಿಲ್ಲ, ಒಂದೂ ಎರಡು ಸಲ ಬಂದಿರಲಿಲ್ಲ. ಪಂಚಾಂಗದವರು ತಿಂಗಳನ್ನೇ ಬಿಡುತ್ತಾರೆ, ಕೂಡಿಸುತ್ತಾರೆ. ನೀವು ಒಂದು ದಿನವನ್ನೂ ಬಿಟ್ಟಿರಲಿಲ್ಲ. ಅಂಥ ಎಣಿಕೆಯ ಮೇಲೆ ಊರಿನ ನೂರ ಅರವತ್ತು ಚಂದ್ರಿಕೆ ಇಡಬಹುದು ಅನ್ನಿಸಿತು. ಇಟ್ಟೆ. ನೀವು ಪಂಚಾಂಗ ನೋಡಿದರೆ ದಿನ ಕೊಡುವುದಿಲ್ಲವೆಂಬ ಭಯ ಒಂದೇ ಇತ್ತು.

ಗೌರಿಬಿದನೂರಿನ ಕಾಗದದ ವಿಷಯ ಅಮ್ಮ ನನಗೆ ಹೇಳಿದ್ದರು. ಎರಡು ದಿನ ತಡವಾಗಿ ಬಂತು. ಆರು ವರ್ಷವೂ ಇಳಿಯಿತು. ಹಾಸಿಗೆ ಹಿಡಿದ ಮೇಲೆ ಒಂದು ದಿನ ನನ್ನ ಕೈಯಲ್ಲಿ ತಲೆ ಬಾಚಿಸಿಕೊಳ್ಳುತ್ತಾ ಹೇಳಿದ ಮಾತು: "ತಡವಾಗಿದ್ದು ಟಪಾಲು ಕಣೇ, ಎಣಿಕೆ ಅಲ್ಲ. ನಿಮ್ಮಪ್ಪಂಗೆ ಹೇಳ್ಬೇಡ. ಹೇಳಿದ್ರೆ ಎಣಿಸೋದು ಬಿಟ್ಟುಬಿಡ್ತಾರೆ. ಅವರು ಬಿಟ್ರೆ ಆಮೇಲೆ ನಿನಗ್ಯಾರು?"

ಹೇಳಬಾರದೆಂದಿದ್ದೆ. ನೀವೇ ತಿಳಿದುಕೊಂಡಿದ್ದೀರಿ, ಇನ್ನು ನಾನು ಮುಚ್ಚಿಟ್ಟು ಏನು ಪ್ರಯೋಜನ?

ದೊಡ್ಡಮ್ಮನಿಗೆ ನನ್ನ ದನಿ ಸ್ವಲ್ಪ ದಪ್ಪವಾದಂತೆ ಕೇಳಿಸುತ್ತದಂತೆ. ಕನ್ನಡಿಯಲ್ಲಿ ನನಗೇನೂ ಕಾಣಲಿಲ್ಲ.

ಶ್ಯಾಮಲ


ಚಿಕ್ಕಬಳ್ಳಾಪುರ
2 ಡಿಸೆಂಬರ್ 1963

ಶ್ಯಾಮಲಮ್ಮ,

ಕಾಗದವನ್ನು ಮೂರು ದಿನ ಇಟ್ಟುಕೊಂಡು ಇವತ್ತು ಉತ್ತರ ಬರೆಯುತ್ತಿದ್ದೇನೆ. ಮೊದಲ ದಿನ ಕೋಪ ಬಂತು. ಹೆಂಡತಿ ಹೋದ ದುಃಖದಲ್ಲಿ ಪಂಚಾಂಗ ತೆಗೆಯಲಾರದವನು ಬರೆದ ಪೆನ್ಸಿಲ್ ಗೀಟಿನ ಮೇಲೆ ಒಂಬತ್ತು ವರ್ಷ ಆಯಸ್ಸು ಇಡುವುದು ಬುದ್ಧಿಯವರು ಮಾಡುವ ಕೆಲಸವಲ್ಲ. ಇನ್ನೊಮ್ಮೆ ಹೀಗೆ ಮಾಡಿದರೆ ದಿನ ಕೊಡುವುದಿಲ್ಲ. ಎಷ್ಟು ಹಿಡಿಯುತ್ತೀಯೆಂದು ಮೊದಲೇ ಬರೆಯಬೇಕು, ನಿಜ ಬರೆಯಬೇಕು. ಬರೆದರೆ ಎಣಿಸುತ್ತೇನೆ. ಬಿಡುವುದಿಲ್ಲ.

ಎರಡನೆಯ ದಿನ ನಿಮ್ಮಮ್ಮನ ಮಾತನ್ನೇ ಓದುತ್ತಾ ಕೂತೆ.

ಮೂರನೆಯ ದಿನ, ಅಂದರೆ ಇವತ್ತು, ಕಚೇರಿಯಲ್ಲಿ ದಕ್ಷಿಣಾಮೂರ್ತಿಗಳು ಮತ್ತೆ ಆ ಮಾತು ತೆಗೆದರು. ನಾಲ್ಕು ಜನ ಸೇರಿದ್ದರು. "ಒಂಬತ್ತು ದಿನ ಗೂಡು ನಿಲ್ಲಿಸೋದು ಎಂದರೆ ಏನ್ರೀ, ಹಳ್ಳಿಯವರು ಕತೆ ಕಟ್ತಾರೆ," ಎಂದರು.

"ಕತೆಯಲ್ಲ. ಅವಳು ನನ್ನ ಮಗಳು," ಎಂದೆ.

ಯಾರೂ ನಗಲಿಲ್ಲ. ದಕ್ಷಿಣಾಮೂರ್ತಿಗಳು ಬರೆಯುತ್ತಿದ್ದ ಪೆನ್ನನ್ನು ಕೆಳಗಿಟ್ಟರು. "ನಿಮ್ಮ ಮಗಳಾ? ಏನ್ರೀ ವಯಸ್ಸು ಆ ಹುಡುಗಿಗೆ?"

"ಇಪ್ಪತ್ತು," ಎಂದೆ. "ಹತ್ತೊಂಬತ್ತು ನಾವು ಸಾಕಿದ್ದು. ಒಂದು ಅವಳೇ ಹಟ ಮಾಡಿ ತಗೊಂಡದ್ದು."

ನಿನ್ನ ತಂದೆ,
ನಲ್ಲಪ್ಪ